ಬಾಗಿಲ ಹಿಂದಿನ ನಾಟಕ

ನಾನು ಒಂದು ಟಿ.ವಿ. ಪೆಟ್ಟಿಗೆ, ಕಪ್ಪು-ಬಿಳುಪು ಚಿತ್ರದ ಕಾಲದ್ದು. ಗಾಜು, ತಂತಿ ಜೋಡಿಸಿದವರು ಯಾರೋ ಗೊತ್ತಿಲ್ಲ. ಮೈಗೆ ಮರದ ಕವಚ ತೊಡಿಸಿ, ಮುಖಕ್ಕೆ ಎಳೆಯುವ ಬಾಗಿಲಿಟ್ಟು, ಅದಕ್ಕೊಂದು ಬೀಗವನ್ನೂ ಕೂರಿಸಿದ ಬಡಗಿಯನ್ನು ಮಾತ್ರ ಇಂದಿಗೂ ಶಪಿಸುತ್ತೇನೆ.

ಗುಲ್ಬರ್ಗ ಕಡೆಯ ಒಂದು ಬಣ್ಣದ ಕಾರ್ಖಾನೆ ನನ್ನನ್ನು ಕೊಂಡು ತನ್ನ ಕಾರ್ಮಿಕರ ಕಾಲೊನಿಗೆ ಉಡುಗೊರೆ ಕೊಟ್ಟಿತು. ಬೀಗದ ಕೈ ಲೇಬರ್ ಆಫೀಸರ್ ಪದಕಿಯವರ ಜೇಬಿನಲ್ಲಿ. ಜನ ಗುಂಡಿ ತಿರುಗಿಸಿ ಕೆಡಿಸಿಯಾರೆಂದು ಅವರು ಆ ಗುಂಡಿಯನ್ನು ಸದಾ ‘ಆನ್’ ಮಾಡಿಯೇ ಇಟ್ಟಿದ್ದರು. ನನ್ನನ್ನು ಹಚ್ಚುವುದು, ಆರಿಸುವುದು ಎಲ್ಲ ಗೋಡೆಯ ಸ್ವಿಚ್ಚಿನಿಂದಲೇ. ಸಂಜೆ ಚಾಪೆ ಹಾಸಿ ಕೂತವರ ಕಣ್ಣೆಲ್ಲ ನನ್ನ ಮೇಲೆ. ಜಂಬ ಪಡದೆ ಇರಲಾಗುತ್ತಿತ್ತೇ?

ಎಲ್ಲರಿಗಿಂತ ಮುಂದೆ ಕೂರುತ್ತಿದ್ದವಳು ಹೊನ್ನವ್ವ. ಮಡಿಲಲ್ಲಿ ಮೈತುಂಬ ಹುಣ್ಣಾದ ಮಗಳು. ಮನೆ ಚೊಕ್ಕಟ ಇಟ್ಟುಕೊಳ್ಳದ್ದಕ್ಕೇ ಹೀಗಾಗಿದೆ ಎಂದು ಕಾರ್ಖಾನೆಯ ಡಾಕ್ಟರು ಗದರಿದ್ದರು. ಪಾಪ, ಅವಳು ಹೊತ್ತು ಹೊತ್ತಿಗೆ ಕಾಲೊನಿಯ ಬಾವಿಯ ನೀರಿನಿಂದಲೇ ಮಗುವನ್ನು ತಿಕ್ಕಿ ತೊಳೆಯುತ್ತಿದ್ದಳು.

ಒಂದು ಸಂಜೆ ಹೊಸ ನಾಟಕದ ಪ್ರಕಟಣೆ ನನ್ನ ಬಾಯಿಂದಲೇ ಬಂತು: ಕಾರ್ಖಾನೆಯ ಕೊಳಚೆ ಇಳಿದ ನೀರು ಕುಡಿದು ನರಳಿದ ಊರಿನ ಕಥೆ. ನಾಟಕದ ದಿನ ಪದಕಿಯವರು ಬಾಗಿಲು ತೆಗೆಯಲಿಲ್ಲ.

“ಸಾಹೇಬ್ರ, ಇವತ್ತ ನಾಟಕ ಅದ ಅಲ್ರೀ?” ಎಂದಳು ಹೊನ್ನವ್ವ.

“ಟಿ.ವಿ. ಕೆಟ್ಟದ. ಮನಿಗೆ ಹೋಗ್ರಿ” ಎಂದು ಅವರು ಹೊರಟೇಹೋದರು.

ಕೆಟ್ಟದ್ದು ನಾನಲ್ಲ! ಹೊನ್ನವ್ವ ಗೋಡೆಯ ಸ್ವಿಚ್ಚು ಒತ್ತಿದಳು. ಕತ್ತಲೆಯಲ್ಲಿ ನನಗೆ ಜೀವ ಬಂತು. ಮುಖ ತೋರಿಸಲಾಗದಿದ್ದರೇನು, ಗಂಟಲಿತ್ತು. ಮುಚ್ಚಿದ ಬಾಗಿಲ ಹಿಂದಿನಿಂದ ನಾಟಕದ ಡಾಕ್ಟರಮ್ಮ ಮಾಲೀಕನಿಗೆ ಹೇಳಿದಳು: “ಈ ಮಕ್ಕಳ ಹುಣ್ಣು ಕೊಳಕಿನಿಂದ ಬಂದದ್ದಲ್ಲ. ನೀವು ಕೆಡಿಸಿದ ನೀರಿನಿಂದ.”

ಸದ್ದು ಕೇಳಿ ಪದಕಿಯವರು ಓಡಿಬಂದರು. ಅಷ್ಟರಲ್ಲಿ ಲೋಟವೊಂದು ನನ್ನ ತಲೆಯ ಮೇಲೆ ಟಕ್ಕೆಂದು ಕೂತಿತು. ಇಟ್ಟವಳು ಹೊನ್ನವ್ವ.

“ನಮ್ಮ ಬಾವಿ ನೀರ್ರಿ, ಸಾಹೇಬ್ರ. ಒಂದ್ ಗುಟುಕ ಕುಡೀರಿ. ನಾ ಸುಮ್ನ ಮನಿಗಿ ಹೋಗ್ತೀನಿ.”

ಕಿವಿಗೊಟ್ಟು ಕಾದೆ. ಲೋಟ ನನ್ನ ತಲೆಯ ಮೇಲಿಂದ ಏಳಲೇ ಇಲ್ಲ.

ಮರುದಿನ ನನ್ನನ್ನು ಬೀಗದ ಸಮೇತ ಬಾವಿಯ ಪಕ್ಕದ ಉಗ್ರಾಣಕ್ಕೆ ತಳ್ಳಿದರು. ಮೊದಮೊದಲು ಬಾವಿಯ ಬದಲಿಗೆ ಕಾರ್ಖಾನೆ ಕಳಿಸಿದ ನೀರಿನ ಟ್ಯಾಂಕರ್ ಬರುವ ಸದ್ದು ಕೇಳುತ್ತಿತ್ತು. ಎಲ್ಲ ನನ್ನಿಂದಲೇ ಆದದ್ದೆಂದು ಹಿಗ್ಗುತ್ತಿದ್ದೆ. ಆಮೇಲೆ ಟ್ಯಾಂಕರ್ ನಿಂತಿತು. ಹೊನ್ನವ್ವನ ಮಗಳು ಏನಾದಳೋ ತಿಳಿಯದು.

ಈಗ ಮುದಿಯಾಗಿದ್ದೇನೆ. ಇಲಿ ನನ್ನ ತಂತಿ ಕಡಿದಿದೆ. ಬೆಳಗಾದರೆ ಗೋಡೆಯಾಚೆ ರಾಟೆ ಕಿರುಗುಟ್ಟುತ್ತದೆ, ಕೊಡ ಬಾವಿಗೆ ಇಳಿಯುತ್ತದೆ. ಬೇಡ ತಾಯಿ, ಆ ನೀರು ಬೇಡ ಎಂದು ಕೂಗಬೇಕೆನಿಸುತ್ತದೆ. ನನಗೆ ಕರೆಂಟು ಕೊಡುವವರಿಲ್ಲ.