ಕೆಳಗಿನ ಬಾವಿ

“ನಿನ್ನ ಅಪ್ಪನ ಜಾಗೆ ಅಂತ ಮಾಡಿದ್ದೀಯಾ ಬೇವರ್ಸಿ? ಯಾರನ್ನು ಕೇಳಿ ಅಗೆದದ್ದು?”

ಫೋರ್‌ಮನ್ ಸ್ಟ್ಯಾನ್ಲಿ ಕಲ್ಲಿನ ಸಾಲಿಗೆ ಬೂಟುಗಾಲಲ್ಲಿ ಒದ್ದ. ಕಲ್ಲು ಅಲುಗಲಿಲ್ಲ. ಒದ್ದರೆ ಅಲುಗುವ ಹಾಗೆ ಅಂಗಾರ ಅದನ್ನು ಇಟ್ಟಿರಲಿಲ್ಲ. ಕಾಲಿಗೆ ನೋವಾದದ್ದರಿಂದ ಸ್ಟ್ಯಾನ್ಲಿಯ ಸಿಟ್ಟು ಇನ್ನೂ ಏರಿತು.

“ಇವತ್ತು ಶುಕ್ರವಾರ ಅಲ್ವಾ ಫೋರ್‌ಮನ್ರೆ. ನಮ್ಮ ರಜೆಯಲ್ಲಿ ಮಾಡಿದ್ದು,” ಎಂದ ಅಂಗಾರ. ಅವನ ಮೊಣಕಾಲಿನವರೆಗೆ ಕೆಸರಿತ್ತು.

“ರಜೆ ಇದ್ರೆ ಬಿದ್ಕೊಳ್ಳು. ಇದು ಕಂಪನಿ ಜಾಗೆ. ನಾಳೆ ಸಾಹೇಬ್ರು ಕೇಳಿದ್ರೆ ನಾನೆಂತ ಹೇಳುದು, ನಿನ್ನ ತಲೆಯಾ? ಸಂಜೆಗೆ ಎಲ್ಲ ಮುಚ್ಚಿರ್ಬೇಕು.”

ನಮ್ಮ ಮೆಸ್ಸಿನ ಅಡುಗೆಯವ ಕುಂಞಮ್ಮದ್ ಹಿಂದಿನಿಂದ ಒಂದು ಗ್ಲಾಸು ಹಿಡಿದುಕೊಂಡು ಬಂದ. “ಬಿಸಿಲಲ್ಲಿ ಕೂಗಿ ಗಂಟಲು ಒಣಗಿತಲ್ಲ ಫೋರ್‌ಮನ್ರೆ. ಒಂದು ಚಾ ಕುಡೀರಿ. ನಮ್ಮ ಬಾವಿಯ ನೀರಿನದ್ದೇ.”

ಸ್ಟ್ಯಾನ್ಲಿ ಗ್ಲಾಸಿನ ಕಡೆ ನೋಡಿದ. ಚಹಾದ ಮೇಲೆ ಎಣ್ಣೆಯ ಪೊರೆ ಬಣ್ಣಬಣ್ಣವಾಗಿ ಹೊಳೆಯುತ್ತಿತ್ತು. ಅವನು ಗ್ಲಾಸು ಮುಟ್ಟದೆ ಹೋದ. ಅವನ ಕುಡಿಯುವ ನೀರು ಮೇಲಿನ ಬಾವಿಯದ್ದು.

ಮಸ್ಕತ್ತಿನಿಂದ ಬಹಳ ಒಳಗೆ, ಮರಳುಗಾಡಿನ ಊರಾದ ಇಬ್ರಿಯಿಂದ ಇಪ್ಪತ್ತು ಕಿಲೋಮೀಟರ್ ಆಚೆ, ರಸ್ತೆ ಮಾಡುವ ಕಂಪನಿಯ ಕ್ಯಾಂಪು ನಮ್ಮದು. ಅದು ಎಂಬತ್ತೇಳನೆಯ ಇಸವಿ. ಇಳಿಜಾರಿನ ತಲೆಯಲ್ಲಿ ಯಾರ್ಡು. ಲಾರಿ, ರೋಲರುಗಳನ್ನು ಡೀಸೆಲ್ ಹಾಕಿ ತೊಳೆಯುವುದು, ಎಂಜಿನಿನ ಸುಟ್ಟ ಎಣ್ಣೆ ಸುರಿಯುವುದು ಎಲ್ಲ ಅಲ್ಲಿಯೇ. ಅದರ ಕೆಳಗೆ ಎಡಕ್ಕೆ ಎಂಜಿನಿಯರು, ಅಕೌಂಟೆಂಟರ ಆರು ಮನೆಗಳು, ಅವರದ್ದೊಂದು ಬಾವಿ. ಬಲಕ್ಕೆ, ಇನ್ನೂ ತಗ್ಗಿನಲ್ಲಿ, ಅರವತ್ತು ಮಂದಿ ಕೂಲಿಯವರ ಪ್ಲೈವುಡ್ ಕೋಣೆಗಳು ಮತ್ತು ಹಗ್ಗ ಹಾಕಿ ಸೇದುವ ನಮ್ಮ ಬಾವಿ. ಆಮೇಲೆ ವಾದಿ, ಮಳೆ ಬಂದಾಗ ಮಾತ್ರ ಹೊಳೆಯಾಗುವ ಕಲ್ಲುಹಾಸು.

ಯಾರ್ಡಿನಲ್ಲಿ ಚೆಲ್ಲಿದ್ದು ದಿನವೂ ಮರಳಿನೊಳಗೆ ಇಳಿಯುತ್ತಿತ್ತು. ವರ್ಷಕ್ಕೆ ಒಂದೆರಡು ಸಲ ಮಳೆ ಹುಯ್ದಾಗ ಇಳಿದದ್ದೆಲ್ಲ ಎದ್ದು, ಇಳಿಜಾರು ಹಿಡಿದು ಅರ್ಧ ಆಚೆಗೆ, ಅರ್ಧ ಈಚೆಗೆ ಹರಿಯುತ್ತಿತ್ತು. ಮೇಲಿನ ಬಾವಿಗೆ ಎತ್ತರದ ಕಟ್ಟೆ ಇತ್ತು. ನಮ್ಮದಕ್ಕೆ ಇರಲಿಲ್ಲ. ಹಿಂದಿನ ಮಳೆಯಾದ ಮೇಲೆ ಮೂರು ತಿಂಗಳು ನಾವು ಉಂಡ ಅನ್ನಕ್ಕೆ ಡೀಸೆಲಿನ ವಾಸನೆ ಇತ್ತು. ಸ್ನಾನ ಮಾಡಿದರೆ ಕಂಕುಳಲ್ಲಿ ಬೊಕ್ಕೆ ಏಳುತ್ತಿತ್ತು. ಬೆಳ್ತಂಗಡಿಯ ಒಬ್ಬ ರಕ್ತಭೇದಿಯಾಗಿ ಊರಿಗೆ ಹೋದ. ಹೋದವನ ಕಾಗದ ಬರಲಿಲ್ಲ.

ಅಂಗಾರನಿಗೆ ಕಟ್ಟ ಕಟ್ಟುವುದು ಗೊತ್ತಿತ್ತು. ಪುತ್ತೂರಿನ ಆಚೆ ಅವನ ಊರಿನಲ್ಲಿ ಮಳೆಗಾಲ ಮುಗಿದು ಹೊಳೆ ಸಣಕಲಾದ ಕೂಡಲೇ ಕಲ್ಲು, ಸೊಪ್ಪು, ಮಣ್ಣು ಹಾಕಿ ಅಡ್ಡ ಕಟ್ಟುತ್ತಿದ್ದವರು ಅವನ ಅಪ್ಪ, ಅಜ್ಜ. ಧಣಿಗಳ ಸುಗ್ಗಿ ಬೆಳೆಗೆ ಆ ನೀರು. ಮಣ್ಣು ತುಳಿಯುವುದು ಇವರ ಕೆಲಸ. ನೀರು ಎತ್ತ ಹೋಗಬೇಕೆಂದು ಹೇಳುವುದು ಧಣಿಯ ಕೆಲಸ.

ಇಲ್ಲಿ ಅಂಗಾರನಿಗೆ ಯಾರೂ ಹೇಳಿರಲಿಲ್ಲ. ಐದು ಶುಕ್ರವಾರ ಅವನು ಇಳಿಜಾರಿನಲ್ಲಿ ಸುಮ್ಮನೆ ಓಡಾಡಿದ. ಒಂದು ಬಕೆಟ್ ನೀರು ಚೆಲ್ಲಿ ಅದು ಹರಿದ ದಾರಿಯಲ್ಲಿ ಕೋಲು ನೆಟ್ಟ. ಆಮೇಲೆ ನಮ್ಮನ್ನೂ ಎಬ್ಬಿಸಿದ. ಇಳಿಜಾರಿಗೆ ಅಡ್ಡವಾಗಿ ಮೂರು ಸಾಲು ಕಲ್ಲು ಕಟ್ಟಿದೆವು, ಓಡಿ ಬರುವ ನೀರು ನಡೆದು ಬರುವ ಹಾಗೆ. ಯಾರ್ಡಿನ ಬುಡದಲ್ಲಿ ಒಂದಕ್ಕಿಂತ ಒಂದು ತಗ್ಗಾಗಿ ಮೂರು ಗುಂಡಿ ತೋಡಿದೆವು. ಮೊದಲನೆಯದರಲ್ಲಿ ಕೆಸರು ಕೂರುತ್ತದೆ. ಎರಡನೆಯದರಲ್ಲಿ ಎಣ್ಣೆ ಮೇಲೆ ತೇಲಿ ನಿಲ್ಲುತ್ತದೆ, ಅಡಿಯಿಂದ ಇಟ್ಟ ಪೈಪಿನಲ್ಲಿ ನೀರು ಮಾತ್ರ ಆಚೆ ಹೋಗುತ್ತದೆ. ಮೂರನೆಯದರಲ್ಲಿ ಜಲ್ಲಿ, ಮರಳು. ತೇಲಿದ ಎಣ್ಣೆಯನ್ನು ಹರಕು ಗೋಣಿಯಲ್ಲಿ ಒತ್ತಿ ತೆಗೆದು ಖಾಲಿ ಡಾಂಬರು ಡ್ರಮ್ಮಿಗೆ ಹಾಕುವುದು. ವಾರಕ್ಕೆ ಇಬ್ಬರ ಪಾಳಿ. ಸುಟ್ಟ ಎಣ್ಣೆಯನ್ನು ಇನ್ನು ನೆಲಕ್ಕೆ ಸುರಿಯಬೇಡಿ ಎಂದು ಪಠಾಣ ಡ್ರೈವರುಗಳಿಗೆ ಕುಂಞಮ್ಮದ್ ಹೇಳಿದ. ಯಾಕೆ ಎಂದು ಅವರು ಕೇಳಲಿಲ್ಲ. ಅವರೂ ಉಣ್ಣುವುದು ನಮ್ಮ ಮೆಸ್ಸಿನಲ್ಲೇ.

ಮುಚ್ಚಬೇಕೆಂದ ಸಂಜೆ ಸ್ಟ್ಯಾನ್ಲಿ ಬರಲಿಲ್ಲ. ಬುರೈಮಿ ರಸ್ತೆಯಲ್ಲಿ ಟ್ರೇಲರು ಕೆಟ್ಟು ನಿಂತು ಅವನು ನಾಲ್ಕು ದಿನ ಅಲ್ಲಿಯೇ ಇದ್ದ. ಅಷ್ಟರಲ್ಲಿ ನಾವು ಬಾವಿಯ ಹಳೆಯ ನೀರನ್ನೆಲ್ಲ ಸೇದಿ ಚೆಲ್ಲಿದ್ದೆವು. ನಾಲ್ಕನೇ ದಿನ ಒಂದು ಗಂಟೆ ಮಳೆ ಹುಯ್ದಿತು. ನಾವು ಬಾವಿಯ ಸುತ್ತ ನಿಂತು ನೋಡಿದೆವು. ಗುಂಡಿ ತುಂಬಿತು, ಎಣ್ಣೆ ಅಲ್ಲೇ ನಿಂತಿತು, ಬಾವಿಯ ನೀರು ಬಾವಿಯ ನೀರಾಗಿಯೇ ಉಳಿಯಿತು. ಕುಂಞಮ್ಮದ್ ಅದರಲ್ಲಿ ಚಹಾ ಮಾಡಿ, ಒಂದು ಗ್ಲಾಸನ್ನು ಬಿಸಿಲಿಗೆ ಹಿಡಿದು ಎಲ್ಲರಿಗೂ ತೋರಿಸಿದ. “ನೋಡ್ರಾ, ಚಾದ ಬಣ್ಣ ಚಾದ ಹಾಗೇ ಉಂಟು.”

ತಿರುಗಿ ಬಂದ ಸ್ಟ್ಯಾನ್ಲಿ ಮುಚ್ಚುವ ಮಾತೆತ್ತಲಿಲ್ಲ. ಒಂದು ತಿಂಗಳಾದ ಮೇಲೆ ಬಲದಿಯಾದಿಂದ, ಅಂದರೆ ಊರಿನ ಮುನಿಸಿಪಾಲಿಟಿಯಿಂದ, ಒಬ್ಬ ಅಧಿಕಾರಿ ಬಂದ. ವಾದಿಯ ಕೆಳಗಿನ ಹಳ್ಳಿಯವರು ತಮ್ಮ ಕಾಲುವೆಯಲ್ಲಿ ಎಣ್ಣೆ ಬರುತ್ತದೆಂದು ದೂರು ಕೊಟ್ಟಿದ್ದರಂತೆ. ಯಾರ್ಡನ್ನೇ ಬೇರೆ ಕಡೆಗೆ ಎತ್ತಿಸುವ ಮಾತಿತ್ತು. ಎಂಜಿನಿಯರ್ ರಾಜಗೋಪಾಲ ಬೆವರುತ್ತ ಅವನ ಹಿಂದೆ ನಡೆಯುತ್ತಿದ್ದರು. ಗುಂಡಿಗಳ ಹತ್ತಿರ ಅಧಿಕಾರಿ ನಿಂತ. ಕೂತ. ಮೂರನೇ ಗುಂಡಿಯ ನೀರನ್ನು ಬೊಗಸೆಯಲ್ಲಿ ತೆಗೆದು ಮೂಸಿದ. ಯಾರು ಮಾಡಿದ್ದೆಂದು ಕೇಳಿದ.

ಇದು ತನ್ನದೇ ಪ್ಲಾನು ಎಂದು ರಾಜಗೋಪಾಲ ಇಂಗ್ಲಿಷಿನಲ್ಲಿ ಹೇಳಿದರು. ಅಷ್ಟು ಇಂಗ್ಲಿಷು ನಮಗೂ ತಿಳಿಯುತ್ತಿತ್ತು. ಇಬ್ಬರೂ ಗುಂಡಿಯ ಮುಂದೆ ನಿಂತರು, ಸ್ಟ್ಯಾನ್ಲಿ ಫೋಟೋ ತೆಗೆದ. ಗೋಣಿ ಹಿಡಿದು ನಿಂತಿದ್ದ ಅಂಗಾರನನ್ನು ಕೈಸನ್ನೆಯಲ್ಲಿ ಪಕ್ಕಕ್ಕೆ ಸರಿಸಿದರು. ಯಾರ್ಡು ಅಲ್ಲಿಯೇ ಉಳಿಯಿತು.

ಆ ವಾರ ರಾಜಗೋಪಾಲರು ಅಂಗಾರನನ್ನು ತಮ್ಮ ಮನೆಗೆ ಕರೆಸಿದರು. ಅವರ ತೋಟದಲ್ಲೂ ಒಂದು ಚರಂಡಿ ಆಗಬೇಕಿತ್ತು. ಅವನ ಜತೆ ನಾನೂ ಹೋದೆ. ಅವರ ಹೆಂಡತಿ ಪದ್ಮಮ್ಮ ಹೊರಗೆ ಬಂದರು.

“ಯಾವೂರಪ್ಪ ನಿಮ್ದು? ಪುತ್ತೂರಾ! ಅಯ್ಯೋ, ಈ ಮರಳುಗಾಡಲ್ಲಿ ಮನೆ ಹೊರಗೆ ಕನ್ನಡ ಕೇಳಿ ಎಷ್ಟು ದಿನ ಆಯ್ತು ಅಂತೀರಾ. ಕೂತ್ಕೊಳ್ಳಿ, ಕೂತ್ಕೊಳ್ಳಿ.” ಸ್ಟೀಲಿನ ಲೋಟದಲ್ಲಿ ಮಜ್ಜಿಗೆ ಕೊಟ್ಟರು. ಅಂಗಾರ ಕುಡಿದು ಲೋಟ ತೊಳೆಯಹೋದಾಗ, “ಇರ್ಲಿ ಬಿಡಪ್ಪ, ನಾನು ತೊಳ್ಕೋತೀನಿ” ಎಂದರು. ಕೆಲಸ ಮುಗಿಸಿ ಬರುವಾಗ ದಾರಿಯುದ್ದಕ್ಕೂ ಅಂಗಾರ ಆ ಮಜ್ಜಿಗೆಯ ಮಾತನ್ನೇ ಆಡಿದ. ಅದಕ್ಕೆ ಶುಂಠಿ ಹಾಕಿದ್ದರಂತೆ.

ಮರುದಿನ ಆಫೀಸಿನಲ್ಲಿ ರಾಜಗೋಪಾಲರು ಅವನ ಪಾಸ್‌ಪೋರ್ಟು ತೆಗೆಸಿ ನೋಡಿದರು. ವೀಸಾ ನವೀಕರಣಕ್ಕೆ ಕಳಿಸುವುದಿತ್ತು. “ಅಂಗಾರ ಮುಗೇರ. ಮುಗೇರ ಅಂದ್ರೇನಯ್ಯಾ, ಮನೆತನದ ಹೆಸರಾ?”

ಅಂಗಾರ ನನ್ನ ಜತೆ ಬಾಗಿಲಲ್ಲಿ ನಿಂತಿದ್ದ. ಸ್ಟ್ಯಾನ್ಲಿ ನಕ್ಕ. “ಮನೆತನ ಎಂತದು ಸಾರ್. ಅವರ ಜಾತಿ. ನಮ್ಮ ಊರಿನ ಹರಿಜನ.”

“ಓ,” ಎಂದರು ರಾಜಗೋಪಾಲರು. “ಅದಕ್ಕೇ ಮಣ್ಣು ಕೆಲಸ ಇಷ್ಟು ಚೆನ್ನಾಗಿ ಬರುತ್ತೆ.” ಹೊಗಳಿದ ಹಾಗೆಯೇ ಹೇಳಿದರು.

ಎರಡನೆಯ ಸಲ ಚರಂಡಿಗೆ ಹೋದಾಗ ಪದ್ಮಮ್ಮ ಹೊರಗೆ ಬರಲಿಲ್ಲ. ಮೆಟ್ಟಿಲಿನ ಕೆಳಗೆ ಒಂದು ಹಾಲಿನ ಪುಡಿಯ ಡಬ್ಬಿಯಲ್ಲಿ ನೀರಿತ್ತು. ಅಂಗಾರ ಅದನ್ನು ನೋಡಿ ಪಿಕಾಸಿ ಎತ್ತಿಕೊಂಡ. ಮಧ್ಯಾಹ್ನದವರೆಗೂ ನೀರು ಕುಡಿಯಲಿಲ್ಲ. ಎದ್ದು ಬರುವಾಗ ಡಬ್ಬಿಯಲ್ಲಿ ಎರಡು ಇರುವೆ ತೇಲುತ್ತಿದ್ದವು.

ಜನವರಿಯಲ್ಲಿ ಹೊಸ ರೋಲರುಗಳು ಬಂದವು. ಟ್ರೇಲರು ತಿರುಗಿಸಲು ಜಾಗ ಸಾಲಲಿಲ್ಲ.

“ಗುಂಡಿ ಮೂರೂ ಮುಚ್ಚಿಬಿಡಿ,” ಎಂದರು ರಾಜಗೋಪಾಲರು. “ಆ ಕಲ್ಲಿನ ಕಟ್ಟ ಇದೆಯಲ್ಲ, ಅದನ್ನ ಕೆಡಿಸಬೇಡಿ. ಮನೆಗಳ ಕಡೆ ಉದ್ದ ಮಾಡಿ, ನೀರನ್ನ ಈ ಕಡೆ ತಿರುಗಿಸಿ.”

ಅವರ ಕೈ ತೋರಿಸಿದ್ದು ನಮ್ಮ ಕೋಣೆಗಳ ಕಡೆಗೆ.

“ನಡುವೆ ನಮ್ಮ ಬಾವಿ ಉಂಟಲ್ಲ ಸಾರ್,” ಎಂದ ಅಂಗಾರ.

“ಗೊತ್ತಿದೆ ಕಣಯ್ಯಾ. ಮಳೆ ಬಂದಾಗ ನಿಮಗೆ ಟ್ಯಾಂಕರ್ ನೀರು ಕಳಿಸ್ತೀವಿ. ಅಲ್ಲಿ ಹೆಂಗಸರು ಮಕ್ಕಳು ಇದ್ದಾರೆ, ಅರ್ಥ ಮಾಡ್ಕೊಳ್ಳಪ್ಪ.”

“ಗುಂಡಿಯನ್ನು ಬೇರೆ ಕಡೆ ತೋಡ್ತೇವೆ ಸಾರ್. ನಮ್ಮ ರಜೆಯಲ್ಲೇ. ಕಂಪನಿಯ ಒಂದು ಗಂಟೆ ಬೇಡ.”

“ಎಲ್ಲಿ? ಎಲ್ಲಾ ಪಾರ್ಕಿಂಗ್.”

ಸ್ಟ್ಯಾನ್ಲಿ ಅವನ ಹೆಗಲು ಹಿಡಿದು ತಳ್ಳಿದ. “ಹೇಳಿದ್ದು ಮಾಡಾ ರಂಡೆಮಗನೆ. ಪಾಸ್‌ಪೋರ್ಟು ಯಾರ ಕಪಾಟಲ್ಲಿ ಉಂಟು ಅಂತ ನೆನಪುಂಟಾ? ಯಲ್ಲಾ, ಹೊರಡು!”

ನಾವೇ ಮುಚ್ಚಿದೆವು, ನಾವೇ ಕಟ್ಟಿದೆವು. ಅಂಗಾರ ಮಣ್ಣು ತುಳಿದ. ಸಡಿಲವಾಗಿ ಕಟ್ಟಿದರೆ ಮೊದಲ ಮಳೆಗೇ ಹೋಗುತ್ತದೆ, ಹಾಗೆ ಕಟ್ಟು ಎಂದು ನಾನು ಅವನ ಕಿವಿಯಲ್ಲಿ ಹೇಳಿದೆ.

“ಹಾಗೆ ಕಟ್ಲಿಕ್ಕೆ ನನಗೆ ಬರುದಿಲ್ಲ ಮಾರಾಯ,” ಎಂದ. ಅವನ ಕಾಲು ನಿಲ್ಲಲಿಲ್ಲ.

ಫೆಬ್ರವರಿಯ ಒಂದು ಮಧ್ಯಾಹ್ನ ಮಳೆ ಬಂತು. ಯಾರ್ಡಿನಿಂದ ಇಳಿದ ನೀರು ಕಟ್ಟಕ್ಕೆ ಬಡಿದು, ಎಲ್ಲೂ ಸೋರದೆ, ಒಂದೇ ತಿರುವಿನಲ್ಲಿ ನಮ್ಮ ಕಡೆ ಹೊರಳಿತು. ಮೊದಲು ಅರ್ಧ ಬರುತ್ತಿತ್ತು, ಈಗ ಪೂರ್ತಿ ಬಂತು. ಬಾವಿಯೊಳಗೆ ಅದು ಬೀಳುವ ಸದ್ದು ಒಂದು ಗಂಟೆಯವರೆಗೆ ಕೇಳಿಸಿತು. ಟ್ಯಾಂಕರು ಎರಡು ದಿನ ಬಂತು. ಮೂರನೆಯ ದಿನ ವಾದಿಯಲ್ಲಿ ದಾರಿ ಕೊಚ್ಚಿಹೋಗಿದೆ, ಬರುವುದಿಲ್ಲ ಎಂದರು. ನಾಲ್ಕನೆಯ ದಿನ ಕುಂಞಮ್ಮದ್ ಸೇದಿದ ನೀರು ಕಪ್ಪಾಗಿತ್ತು. ಅವನು ತಮಾಷೆ ಮಾಡಲಿಲ್ಲ. ಅಂದು ಒಲೆ ಹಚ್ಚಲಿಲ್ಲ.

ಐದನೆಯ ದಿನ ಕೆಲಸ ಮುಗಿದ ಮೇಲೆ ಅಂಗಾರ ಬಕೆಟ್ಟನ್ನು ಮರಳು ಹಾಕಿ ಉಜ್ಜಿದ. ಒಳಗೆ ಉಜ್ಜಿದ, ಹೊರಗೆ ಉಜ್ಜಿದ, ಹಗ್ಗವನ್ನೂ ತೊಳೆದ. ಬಿಸಿಲು ಇನ್ನೂ ಇತ್ತು. ಅವನು ಕಟ್ಟದ ಮೇಲೆಯೇ ನಡೆದು ಎಂಜಿನಿಯರರ ಮನೆಗಳ ಕಡೆ ಹೋದ. ಏನೆಂದು ಯಾರೂ ಕೇಳಲಿಲ್ಲ. ಕುಂಞಮ್ಮದ್ ಅನ್ನದ ಕೊಪ್ಪರಿಗೆ ಹೊತ್ತು ಹಿಂದೆ ಹೋದ. ನಾನೂ ಇನ್ನು ಹತ್ತು ಜನವೂ ಹೋದೆವು.

ಪದ್ಮಮ್ಮ ಬಟ್ಟೆ ಒಣಹಾಕುತ್ತಿದ್ದರು. ಅಂಗಾರ ಬಾವಿಯ ತಗಡಿನ ಮುಚ್ಚಳ ಸರಿಸಿ ಬಕೆಟ್ ಇಳಿಸಿದ.

“ಏಯ್, ಏಯ್! ಏನಪ್ಪಾ ಮಾಡ್ತಿದೀಯ? ರೀ, ಬನ್ರೀ ಇಲ್ಲಿ!”

“ಮರಳಲ್ಲಿ ಉಜ್ಜಿ ತಂದಿದ್ದೇನಮ್ಮ. ಎಣ್ಣೆ ಒಂದು ಬೊಟ್ಟು ಇಲ್ಲ.”

“ಎಣ್ಣೆ ವಿಷಯ ಅಲ್ಲಪ್ಪ...” ಪದ್ಮಮ್ಮ ಒದ್ದೆ ಬಟ್ಟೆ ಹಿಡಿದುಕೊಂಡೇ ಎರಡು ಹೆಜ್ಜೆ ಹಿಂದೆ ಸರಿದರು.

ಅಂಗಾರ ನೀರು ಸೇದಿದ. ಬೊಗಸೆಯಲ್ಲಿ ಹಿಡಿದು, ಆಕೆಯ ಮುಖ ನೋಡುತ್ತಲೇ ಕುಡಿದ. ಉಳಿದದ್ದನ್ನು ಕೊಪ್ಪರಿಗೆಗೆ ಹೊಯ್ದ. ಎರಡನೆಯ ಸಲ ಇಳಿಸಿದ. ಮೂರನೆಯ ಸಲ ಇಳಿಸುವಾಗ ಸ್ಟ್ಯಾನ್ಲಿ ಪಿಕಪ್ಪಿನಲ್ಲಿ ಬಂದ, ಜತೆಗೆ ನಾಲ್ವರು ಡ್ರೈವರುಗಳು. ನಾವು ಹಿಂದೆ ಸರಿದೆವು. ಅಂಗಾರ ಸರಿಯಲಿಲ್ಲ. ಹಗ್ಗವನ್ನು ಅವನ ಕೈಯಿಂದ ಬಿಡಿಸಲು ಮೂವರು ಬೇಕಾದರು. ಕೊಪ್ಪರಿಗೆಯನ್ನು ಸ್ಟ್ಯಾನ್ಲಿ ಮಗುಚಿದ.

ಮರುದಿನ ಬೆಳಿಗ್ಗೆ ಕಪಾಟಿನಿಂದ ಪಾಸ್‌ಪೋರ್ಟು ಹೊರಗೆ ಬಂತು. “ಖಲಾಸ್,” ಎಂದ ಸ್ಟ್ಯಾನ್ಲಿ. ಮಸ್ಕತ್ತಿಗೆ ಹೋಗುವ ಪಿಕಪ್ಪಿನ ಹಿಂದೆ, ಟೈರುಗಳ ನಡುವೆ ಅಂಗಾರನನ್ನು ಕೂರಿಸಿದರು.

ಅದು ಹೊರಡುವ ಮೊದಲೇ ನಮ್ಮನ್ನು ಮೇಲಿನ ಬಾವಿಗೆ ಕರೆದರು. “ಎಣ್ಣೆ ಬಕೆಟ್ ಹಾಕಿದಾನೆ. ಬಾವಿ ಪೂರ್ತಿ ಬತ್ತಿಸಬೇಕು,” ಎಂದರು ರಾಜಗೋಪಾಲರು. ನಮ್ಮ ಮುಖ ನೋಡಲಿಲ್ಲ. ಒಳಗೆ ಪದ್ಮಮ್ಮ ಒಂದು ಚೊಂಬಿನಲ್ಲಿ ಅರಿಸಿನ ಕದಡುತ್ತಿದ್ದರು.

ಪಂಪು ಹಚ್ಚಿದರು. ಪೈಪಿನ ತುದಿ ಹಿಡಿಯುವ ಕೆಲಸ ನನಗೆ ಬಂತು. ನೀರು ಬಂತು. ತಣ್ಣಗಿನ, ತಿಳಿ ನೀರು. ಅಂಥ ನೀರು ನಾನು ಊರು ಬಿಟ್ಟ ಮೇಲೆ ನೋಡಿರಲಿಲ್ಲ. ಕುಂಞಮ್ಮದ್ ಕೊಪ್ಪರಿಗೆ ತಂದು ಪೈಪಿನ ಬಾಯಿಗೆ ಒಡ್ಡಿದ.

“ಹೇಗೂ ಚೆಲ್ಲುದಲ್ವಾ ಫೋರ್‌ಮನ್ರೆ,” ಎಂದ.

“ಕೆಟ್ಟ ನೀರು ಕುಡಿದು ಸತ್ರೆ ಯಾರು ಜವಾಬ್ದಾರಿ?” ಎಂದ ಸ್ಟ್ಯಾನ್ಲಿ. ನನ್ನ ಕಡೆ ತಿರುಗಿದ. “ಪೈಪು ಕಟ್ಟಕ್ಕೆ ಬಿಡಾ.”

ಪಿಕಪ್ಪು ಹೊರಟಿತು. ಟೈರುಗಳ ನಡುವೆ ಅಂಗಾರ ಎದ್ದು ನಿಂತ. “ಒಡೀರಾ ಅದನ್ನು!” ಎಂದು ಕೂಗಿದ. “ಆ ಕಟ್ಟ ಒಡೆದು ಹಾಕ್ರಾ!” ಧೂಳು ಅವನನ್ನು ಮುಚ್ಚುವವರೆಗೂ ಕೂಗುತ್ತಿದ್ದ.

ದಿನದ ಕೆಲಸಕ್ಕೆ ತಂದಿದ್ದ ಪಿಕಾಸಿಗಳು ನಮ್ಮ ಕಾಲ ಬುಡದಲ್ಲೇ ಇದ್ದವು. ಯಾರೂ ಬಗ್ಗಲಿಲ್ಲ. ನಾನು ಪೈಪನ್ನು ಕಟ್ಟಕ್ಕೆ ಬಿಟ್ಟೆ.

ಕೆಳಗೆ, ನಮ್ಮ ಬಾವಿಯ ಹತ್ತಿರ, ಉಳಿದವರು ಹರಿದು ಬರುವ ನೀರಿಗೆ ಬಕೆಟ್, ಡಬ್ಬಿ, ಚೊಂಬು ಹಿಡಿದು ಸಾಲಾಗಿ ನಿಂತಿದ್ದರು. ಪೈಪಿನ ಬಾಯಿಯಲ್ಲಿ ನೀರು ತಿಳಿಯಾಗಿತ್ತು. ಎಣ್ಣೆ ಹಿಡಿದ ಕಟ್ಟದ ಬುಡದಲ್ಲಿ ಇಪ್ಪತ್ತು ಹೆಜ್ಜೆ ಹೋಗುವಷ್ಟರಲ್ಲಿ ಅದಕ್ಕೆ ಬಣ್ಣ ಬಂತು. ತಿರುವಿನ ಹತ್ತಿರ ಕಂದಾಯಿತು. ಮೊದಲನೆಯವನ ಬಕೆಟ್ಟು ಮುಟ್ಟುವಾಗ ಕಪ್ಪಾಗಿತ್ತು. ಅವನು ಬಕೆಟ್ಟನ್ನು ಹಿಂದಕ್ಕೆ ಎಳೆಯಲಿಲ್ಲ.