ಒಳಗಿನ ಪ್ಯಾಡು

ಕಿರ್ರ್ ಅಂತ ಕೊನೇ ನಟ್ಟೂ ಸಡಿಲ ಆಯ್ತು, ಹಟಮಾರಿ ಮುಂಡೇದು, ಸ್ಪ್ಯಾನರ್ ಮೇಲೆ ಹತ್ತಿ ನಿಂತು ತುಳೀಬೇಕಾಯ್ತು, ಎದುರುಮನೆ ಬಾಲ್ಕನೀಲಿ ಬಟ್ಟೆ ಒಣಗಿಸ್ತಿರೋ ಆಂಟಿ ನಗ್ತಿರ್ಬೇಕು, ನಗ್ಲಿ, ತಿಂಗಳ ಮೊದಲ್ನೇ ಭಾನುವಾರ ನಾನು ಹೀಗೆ ಚಕ್ರ ಬಿಚ್ಕೊಂಡು ಕೂರೋದು ಸುದ್ದಗುಂಟೆಪಾಳ್ಯದ ಈ ಕ್ರಾಸಿಗೆಲ್ಲ ಗೊತ್ತು, ಹೆಂಗಸರಿಗೆ ಡ್ರೈವಿಂಗ್ ಕಲಿಸೋ ಶಾಂತಲಾ, ತನ್ನ ಗಾಡಿ ಬ್ರೇಕು ತಾನೇ ನೋಡ್ಕೊಳ್ಳೋ ಶಾಂತಲಾ — ಆದ್ರೆ ಇವತ್ತು ಹಿಂದಿನ ಚಕ್ರಕ್ಕೆ ಇಟ್ಟಿಗೆ ಒಡ್ಡಿ ನಿಲ್ಲಿಸಿರೋ ಗಾಡಿ ನಂದಲ್ಲ, ನಂದು ನಾಲ್ಕೂ ಮೂಲೆ ಗೀರಿರೋ ಕ್ಲಾಸ್ ಗಾಡಿ, ಇದು ಕನ್ನಡಿ ಥರ ಹೊಳೀತಿದೆ, ಇದು ನಂದಕುಮಾರಂದು, ಚಿಕ್ಕಬೈರಪ್ಪನ ಮಗ ನಂದಕುಮಾರಂದು, ಆ ಹೆಸರು ಬಾಯಲ್ಲಿ ಬಂದ್ರೆ ಇವತ್ತಿಗೂ ಉಗುಳು ಕಹಿ ಆಗುತ್ತೆ ನಂಗೆ. ಜಾಕ್ ಎಲ್ಲೋಯ್ತು, ಇಲ್ಲಿದೆ, ತಿರುಗಿಸು, ಏಳು, ಏಳು ತಾಯಿ, ಬೆಳಿಗ್ಗೆ ಏಳೂವರೆಗೆ ಬಂದು ಗೇಟಲ್ಲಿ ನಿಂತು ಮೇಡಂ ಅಂದ, ಈಗ ಮೇಡಂ ಅಂತಾನೆ, ಹೆಂಡ್ತಿ ಸೌಮ್ಯಂಗೆ ಹೋದ್ವರ್ಷ ಡ್ರೈವಿಂಗ್ ಕಲಿಸಿದ್ದಕ್ಕೆ ಸಿಕ್ಕ ಮರ್ಯಾದೆ, ಮೇಡಂ ಬ್ರೇಕ್ ಹಾಕಿದ್ರೆ ಸ್ವಲ್ಪ ಕಿರ್ ಅನ್ನುತ್ತೆ ಅಷ್ಟೇ, ನಾನೇ ಟಾರ್ಚ್ ಹಾಕಿ ನೋಡ್ದೆ, ಪ್ಯಾಡ್ ದಪ್ಪಗೇ ಇದೆ, ಭಾನುವಾರ ಒಂದು ಗ್ಯಾರೇಜೂ ತೆಗ್ದಿಲ್ಲ, ಶಾಂತಲಕ್ಕ ನೋಡಿ ಓಕೆ ಅಂದ್ರೆ ಸಾಕು ಅಂದ್ಲು ಸೌಮ್ಯ, ಹತ್ತು ಗಂಟೆಗೆ ಹೊರಡ್ಬೇಕು, ಮಾದಪ್ಪನ ಬೆಟ್ಟ, ಅಪ್ಪಂದೊಂದು ಹರಕೆ, ನಾನು ಅಪ್ಪ ಇಬ್ರೇ, ಡ್ರೈವರ್ ಇದಾನೆ, ಅಂದ. ಆಮೇಲೆ ಒಂದು ಮಾತು ಸೇರಿಸ್ದ ನೋಡು, ಹೋಗೋನು ತಿರುಗಿ ನಿಂತು, ಮುಖದಲ್ಲೆಲ್ಲ ನಗು, ನಿಮ್ಮ ತಂದೆ ಸಂಜೀವಯ್ಯ ನಮ್ಮನೇಲೇ ಡ್ರೈವರ್ ಆಗಿದ್ರಲ್ವಾ, ಪಾಪ, ಒಳ್ಳೇ ಮನುಷ್ಯ. ಒಳ್ಳೇ ಮನುಷ್ಯ! ಅಯ್ಯೋ ನಿನ್ನ ನಾಲಿಗೆ ಸೇದೋಗ, ಆ ಮಾತು ಇಪ್ಪತ್ತೇಳು ವರ್ಷದ ಹಿಂದೆ ಪೊಲೀಸ್ ಸ್ಟೇಷನ್ನಲ್ಲಿ ಯಾಕೋ ಬರ್ಲಿಲ್ಲ ನಿನ್ನ ಬಾಯಲ್ಲಿ.

ಚಕ್ರ ಬಂತು, ಭಾರ, ಗೋಡೆಗೆ ಒರಗಿಸು, ಒಳಗೆಲ್ಲ ಕರೀ ಧೂಳು, ಊದ್ಬೇಡ ಮಗಳೇ ಎದೆಗೆ ಹೋಗುತ್ತೆ, ಒದ್ದೆ ಬಟ್ಟೇಲಿ ಒರೆಸು — ಅಪ್ಪ, ಹಿಂದೆ ಕುಕ್ಕರುಗಾಲಲ್ಲಿ ಕೂತು, ನಂಗೆ ಹನ್ನೆರಡು ವರ್ಷ, ಚಿಕ್ಕಬೈರಪ್ಪನ ಬಿಳಿ ಕಾರಿನ ಚಕ್ರ ಬಿಚ್ಚಿಟ್ಟು ಪಾಠ ಹೇಳೋನು, ಇದು ಡಿಸ್ಕು, ತಟ್ಟೆ ಥರ ಇದ್ಯಲ್ಲ, ಆ ಕಡೆ ಒಂದು ಪ್ಯಾಡು ಈ ಕಡೆ ಒಂದು ಪ್ಯಾಡು, ಎರಡೂ ಸೇರಿ ತಟ್ಟೇನ ಹಿಡ್ಕೊಂಡ್ರೆ ಗಾಡಿ ನಿಲ್ಲುತ್ತೆ, ಹೊರಗಿನ ಪ್ಯಾಡು ಎಲ್ರಿಗೂ ಕಾಣುತ್ತೆ, ಒಳಗಿಂದು ಕಾಣಲ್ಲ, ಸವೆಯೋದು ಮೊದಲು ಅದೇ, ನೋಡೋದಾದ್ರೆ ಅದನ್ನ ನೋಡು. ಅಳತೆಗೆ ಬೆಂಕಿಕಡ್ಡಿ, ಕಿವಿ ಮೇಲೆ ಸಿಗಿಸ್ಕೊಂಡಿರೋನು ಬೀಡಿ ಸೇದೋರ ಥರ, ಬೀಡೀನೂ ಸೇದ್ತಿರ್ಲಿಲ್ಲ, ಕಡ್ಡಿಗಿಂತ ತೆಳ್ಳಗಾದ್ರೆ ಪ್ಯಾಡು ಬದಲಾಯಿಸ್ಬೇಕು, ಅಷ್ಟೇ ವಿದ್ಯೆ. ಹೊರಗಿಂದು ನೋಡಿದೆ, ಕಡ್ಡಿ ಇಟ್ಟೆ, ಎರಡು ಕಡ್ಡಿಗಿಂತ ದಪ್ಪ, ನಂದಕುಮಾರ ಟಾರ್ಚ್ ಹಾಕಿ ನೋಡಿದ್ದು ಇದನ್ನೇ, ಸರಿ, ಈಗ ತಲೆ ಬಗ್ಗಿಸಿ, ಮೊಬೈಲ್ ಬೆಳಕು ಒಳಕ್ಕೆ ಬಿಟ್ಟು — ಅಯ್ಯಪ್ಪಾ. ಇಲ್ಲ. ಏನೂ ಇಲ್ಲ. ಪ್ಯಾಡು ಇರೋ ಜಾಗದಲ್ಲಿ ಬರೀ ಕಬ್ಬಿಣದ ತಗಡು, ಡಿಸ್ಕಿನ ಒಳಮೈಲಿ ಉಗುರಾಡಿಸಿದ್ರೆ ಗೀರು ಗೀರು, ಕಬ್ಬಿಣ ಕಬ್ಬಿಣಾನ ತಿಂದಿದೆ, ಪ್ಯಾಡುಗಳ ಹಿಡಿಕೆ ಜಾರೋ ಪಿನ್ನು ತುಕ್ಕು ಹಿಡಿದು ಕಚ್ಕೊಂಡು ಒಳಗಿನ ಪ್ಯಾಡೊಂದೇ ದುಡಿದು ದುಡಿದು ಸತ್ತಿದೆ, ಈ ಗಾಡಿ ಬೆಟ್ಟ ಹತ್ತಬಹುದು, ಹತ್ತೋಕೇನು ಬ್ರೇಕ್ ಬೇಕಾ, ಇಳಿಯೋವಾಗ ಬೇಕಲ್ಲ, ಆ ತಿರುವುಗಳು, ಒಂದರ ಕೆಳಗೊಂದು, ಬ್ರೇಕ್ ಕಾದು ಕಾದು ಕಾಲು ಒತ್ತಿದ್ರೆ ಪೆಡಲ್ಲು ನೆಲಕ್ಕೆ ಹೋಗಿ ಕೂರುತ್ತೆ. ಎದೆ ಡವಡವ ಅಂತಿದೆ, ಹೆದರಿಕೆಗಲ್ಲ, ಸುಳ್ಯಾಕೆ, ಖುಷಿಗೆ. ಯಾರಿಗೂ ಕಾಣಲ್ಲ ಇದು. ಹೊರಗಿನ ಪ್ಯಾಡು ಚೆನ್ನಾಗಿದೆ ಸಾರ್ ಅಂದ್ರೆ ಸುಳ್ಳೂ ಅಲ್ಲ. ಏನಂತ ಹೇಳ್ಲಿ, ನಿಮ್ಮಪ್ಪ ನಮ್ಮಪ್ಪಂಗೆ ಹೇಳಿದ ಮಾತೇ ಹೇಳ್ತೀನಿ, ಏನೂ ಆಗಲ್ಲ, ಮುಂದಿನ ತಿಂಗಳು ನೋಡೋಣ, ಎಷ್ಟು ಚೆಂದ ಕೂರುತ್ತೆ ನಾಲಿಗೆ ಮೇಲೆ, ಸಕ್ಕರೆ ಅಚ್ಚು, ಇನ್ನೊಂದ್ಸಲ, ಏನೂ ಆಗಲ್ಲ ಸಾರ್, ಮುಂದಿನ ತಿಂಗಳು ನೋಡೋಣ.

ಕೈ ನೋಡು ಹೆಂಗಾಯ್ತು, ಹೆಬ್ಬೆರಳು ಪೂರ್ತಿ ಕಪ್ಪು — ಅಪ್ಪಂದು ನೀಲಿ. ಆವತ್ತು ಸ್ಟೇಷನ್ನಿಂದ ಜಾಮೀನ ಮೇಲೆ ಮನೆಗೆ ಬಿಟ್ಟು ಕಳಿಸಿದ ರಾತ್ರಿ ಅಮ್ಮ ಮುದ್ದೆ ಹಾಕಿದ್ಲು, ಅಪ್ಪ ಕೈ ಚಾಚ್ದ, ಹೆಬ್ಬೆರಳನ್ನ ಮಾತ್ರ ತಟ್ಟೆಗೆ ತಾಗದ ಹಾಗೆ ದೂರ ಇಟ್ಕೊಂಡ, ಉಳಿದ ನಾಲ್ಕು ಬೆರಳಲ್ಲಿ ಮುದ್ದೆ ಮುರಿಯೋಕಾಗುತ್ತಾ, ಆಗ್ಲಿಲ್ಲ, ಹಾಗೇ ಕೂತಿದ್ದ, ನಂಗೆ ಸೈನ್ ಬರುತ್ತೆ ಅಂತ ಹೇಳ್ದೆ ಗೋವಿಂದು, ಅಂದ ಅಮ್ಮಂಗೆ, ಅವಳ ಮುಖ ನೋಡ್ದೇನೇ ತಟ್ಟೆ ನೋಡ್ಕೊಂಡು, ನಂಗೆ ಸೈನ್ ಬರುತ್ತೆ ಸಾರ್ ಅಂತ ಎರಡು ಸಲ ಹೇಳ್ದೆ, ಇವನಿಗೆಲ್ಲಿಂದ ಬರ್ಬೇಕು ಸೈನು, ಹೆಬ್ಬೆಟ್ಟು ಒತ್ತಿಸ್ರೀ ಅಂದ್ರು. ಆಗಿದ್ದಿಷ್ಟು, ಹುಳಿಮಾವು ಕೆರೆ ಹತ್ರ ಇಳಿಜಾರು, ಅಪ್ಪಂಗೆ ಬ್ರೇಕ್ ಸಿಗ್ಲಿಲ್ಲ, ಸೈಕಲ್ಲಲ್ಲಿ ಹೋಗ್ತಿದ್ದೋನಿಗೆ ಗುದ್ದಿ ಅವನ ಕಾಲು ಮುರೀತು, ಹಿಂದಿನ ಸೀಟಲ್ಲಿ ಇದೇ ನಂದಕುಮಾರ, ಹದಿನೇಳು ವರ್ಷ, ಟ್ಯೂಷನ್ನಿಗೆ ಹೊರಟಿದ್ದ, ಆವತ್ತು ಬೆಳಿಗ್ಗೆ ತಾನೇ ಅಪ್ಪ ಯಜಮಾನ್ರ ಮುಂದೆ ನಿಂತು ಬ್ರೇಕ್ ಸವೆದಿದೆ ಬುದ್ಧಿ ಅಂದಿದ್ದು ಇವನ ಕಣ್ಣ ಮುಂದೆ, ಮುಂದಿನ ತಿಂಗಳು ನೋಡೋಣ ಹೊರಡೋ ಅಂತ ಚಿಕ್ಕಬೈರಪ್ಪ ಅಂದಿದ್ದು ಇವನ ಕಿವಿಗೇ ಬಿದ್ದಿತ್ತು. ಸ್ಟೇಷನ್ನಲ್ಲಿ ಚಿಕ್ಕಬೈರಪ್ಪ ಏನಂದ, ಡ್ರೈವರ್ ಕುಡಿದಿದ್ದ. ಅಷ್ಟೇ. ಎರಡೇ ಮಾತು. ಪಕ್ಕದಲ್ಲಿ ಇವನು ಉಗುರು ಕಚ್ಕೊಂಡು ನಿಂತಿದ್ದ, ಅಪ್ಪ ಇವನ ಮುಖಾನೇ ನೋಡಿದ್ನಂತೆ, ಇವನು ಫ್ಯಾನ್ ನೋಡ್ದ. ಕುಡಿದಿದ್ದನಂತೆ! ಬೆಳಿಗ್ಗೆ ಎದ್ದು ಬುದ್ಧನ ಪಟದ ಮುಂದೆ ಪಂಚಶೀಲ ಹೇಳ್ದೆ ಕಾಫೀನೂ ಕುಡೀದ ಮನುಷ್ಯ, ಐದನೇ ಶೀಲ ಬಂದಾಗ, ಅಮಲು ಮುಟ್ಟಲ್ಲ ಅನ್ನೋದು ಬಂದಾಗ, ದನಿ ಜೋರು ಮಾಡೋನು ಪಕ್ಕದ ಮನೆ ಕುಡುಕಂಗೆ ಕೇಳ್ಲಿ ಅಂತ, ನಾನು ನಗ್ತಿದ್ದೆ. ಕೇಸ್ ಮುಗಿದ್ಮೇಲೆ ಆರು ತಿಂಗಳು ಜೈಲಲ್ಲಿದ್ದು ಬಂದ, ಲೈಸೆನ್ಸ್ ಹೋಯ್ತು, ಜೇಪಿ ನಗರದ ಅಪಾರ್ಟ್ಮೆಂಟಿನ ಗೇಟಲ್ಲಿ ಸಾಯೋವರ್ಗೂ ವಾಚ್ಮನ್ನು, ಬರೋ ಹೋಗೋ ಕಾರಿಗೆಲ್ಲ ಗೇಟ್ ತೆಗೆಯೋದು, ಸ್ಟೀರಿಂಗ್ ಮುಟ್ಲಿಲ್ಲ ಮತ್ತೆ, ನಾನು ಮೊದಲ್ನೇ ಗಾಡಿ ತಂದಾಗ್ಲೂ ಹಿಂದೆ ಕೂತ. ಲಾಗ್ ಬುಕ್ಕಿತ್ತು, ದಿನಾ ಬರೀತಿದ್ದ, ಮುತ್ತಿನಂಥ ಅಕ್ಷರ, ಎಷ್ಟು ಕಿಲೋಮೀಟರ್, ಎಷ್ಟು ಪೆಟ್ರೋಲ್, ಕೊನೇ ಸಾಲು ನಂಗೆ ಬಾಯಿಪಾಠ — ಬ್ರೇಕ್ ಸವೆದಿದೆ, ಯಜಮಾನರಿಗೆ ತಿಳಿಸಿದೆ, ಮುಂದಿನ ತಿಂಗಳು ಎಂದರು. ಕೋರ್ಟಲ್ಲಿ ಅವರ ಕಡೆ ಲಾಯರ್ ಅದನ್ನ ಎತ್ತಿ ತೋರಿಸಿ ನಕ್ಕನಂತೆ, ಇದು ಆಮೇಲೆ ಮನೇಲಿ ಕೂತು ಬರ್ದಿದ್ದು, ಯಜಮಾನರ ಸೈನ್ ಎಲ್ಲಿದೆ? ಎಲ್ಲಿದೆ, ಹೌದು, ಎಲ್ಲಿದೆ, ಅಪ್ಪನ ಚಾ ಲೋಟಾನೇ ಕಾಂಪೌಂಡ್ ಗೋಡೆ ಮೇಲೆ ಬೇರೆ ಇಡ್ತಿದ್ದ ಮನೇಲಿ ಅಪ್ಪ ಪುಸ್ತಕ ಚಾಚಿ ಸೈನ್ ಹಾಕಿ ಬುದ್ಧಿ ಅನ್ನೋಕಾಗ್ತಿತ್ತಾ. ಹೋಗ್ಲಿ, ಇಬ್ರೂ ಹೋಗ್ಲಿ, ಎಂಬತ್ತೆರಡರ ಆ ಮುದುಕ ಹಿಂದಿನ ಸೀಟಲ್ಲಿ ಸೀಟು ಹಿಡ್ಕೊಂಡು ಕೂಗ್ಲಿ, ಬ್ರೇಕ್ ಹಾಕೋ ಬ್ರೇಕ್ ಹಾಕೋ ಅಂತ ಗಂಟಲು ಹರಿಯೋ ಹಾಗೆ ಕೂಗ್ಲಿ, ಮಗ ಆಗ್ಲೂ ಫ್ಯಾನ್ ನೋಡ್ತಾನಾ ನೋಡೋಣ, ಆ ಒಂದು ಕ್ಷಣ, ಪೆಡಲ್ಲು ನೆಲಕ್ಕೆ ಹೋಗೋ ಆ ಒಂದು ಕ್ಷಣ ಅವರಿಗೂ ಗೊತ್ತಾಗ್ಲಿ, ಅಪ್ಪನ ಕಾಲಿಗೆ ಗೊತ್ತಾಗಿದ್ದು ಅವರ ಹೊಟ್ಟೇಲೂ ಆಗ್ಲಿ. ಚಕ್ರ ಹಾಕ್ತೀನಿ ವಾಪಸ್. ಐದು ನಟ್ಟು. ಐದು ನಿಮಿಷದ ಕೆಲಸ.

ಅಕ್ಕಾರ, ಒಂದ್ ಮಾತ ಹೇಳ್ಲ್ಯಾ ಅಂತಿದಾನೆ ಯಾರೋ, ಓ, ಇವನು, ನಂದಕುಮಾರನ ಡ್ರೈವರ್ ಹನಮಂತ, ಬಾಗಲಕೋಟೆ ಕಡೆಯೋನು, ಐವತ್ತರ ಹತ್ತಿರ, ಗಾಡಿ ತಂದು ನಿಲ್ಲಿಸಿದಾಗಿಂದ ಗೇಟಿನ ಮೆಟ್ಟಿಲ ಮೇಲೇ ಕೂತಿದಾನೆ, ಮರ್ತೇಬಿಟ್ಟಿದ್ದೆ, ಅಮ್ಮ ಯಾವಾಗ್ಲೋ ಚಾ ಕೊಟ್ಟಿದಾಳೆ, ಈ ಕಿರ್ ಅನ್ನೂದು ಶುರುವಾಗಿ ಇಪ್ಪತ್ತ್ ದಿನ ಆತ್ರಿ ಅಕ್ಕಾರ, ಸಾಹುಕಾರ್ರಿಗೆ ಎರಡ್ ಸಲ ಹೇಳೇನ್ರಿ, ಏನೂ ಆಗಂಗಿಲ್ಲ, ಮುಂದಿನ ತಿಂಗಳ ನೋಡೂಣು ಅಂದ್ರ್ರಿ, ನಮ್ಮ ಮಾತ ಯಾರ್ ಕೇಳ್ತಾರ, ನೀವರ ಒಂದೀಟ್ ಹೇಳ್ರಲ್ಲ. ಸ್ಪ್ಯಾನರ್ ಕೈಲೇ ನಿಂತ್ಹೋಯ್ತು. ಮುಂದಿನ ತಿಂಗಳ. ಲೋಟದ ಅಂಚಿನ ಮೇಲೆ ಅವನ ಹೆಬ್ಬೆರಳು, ಚೊಕ್ಕವಾಗಿ ಉಗುರು ಕತ್ತರಿಸಿದ ಹೆಬ್ಬೆರಳು, ಪೆಡಲ್ ಮೇಲೆ ಕಾಲಿಡೋನು ಇವನಲ್ವಾ, ಅಯ್ಯೋ, ಇಷ್ಟ್ ಹೊತ್ತು ಆ ಗಾಡೀನ ಯಾರು ಓಡಿಸ್ತಿದಾರೆ ಅಂದ್ಕೊಂಡಿದ್ದೆ ನಾನು, ಗಾಡಿ ತಾನೇ ಓಡುತ್ತಾ, ಅವರಿಬ್ರೂ ಹೆಂಗಾದ್ರೂ ಉಳ್ಕೊಂಡು ಬರ್ತಾರೆ, ಅಂಥೋರು ಉಳ್ಕೋತಾರೆ, ಆಮೇಲೆ ಅಲ್ಲೆಲ್ಲೋ ಬೆಟ್ಟದ ಕೆಳಗಿನ ಸ್ಟೇಷನ್ನು, ಅದೇ ಎರಡು ಮಾತು ರೆಡಿ ಇದೆ, ಡ್ರೈವರ್ ಕುಡಿದಿದ್ದ, ಇವನೂ ಸೈನ್ ಬರುತ್ರೀ ಅಂತಾನೆ, ಬಾಗಲಕೋಟೇಲಿ ಇವನಿಗೊಬ್ಬಳು ಮಗಳಿದ್ರೆ ಅವಳಿಗೆಷ್ಟು ವರ್ಷವೋ. ಥೂ, ನನ್ನ ಬುದ್ಧಿಗಿಷ್ಟು ಬೆಂಕಿ ಹಾಕ. ಆದ್ರೆ ಸಿಟ್ಟು ಇಳೀತಿಲ್ಲ, ಇಳೀಬಾರ್ದು, ಇಳಿಸ್ಕೊಳ್ಳಲ್ಲ ನಾನು, ಇಪ್ಪತ್ತೇಳು ವರ್ಷ ಸಾಕಿದೀನಿ ಇದನ್ನ. ಹನಮಂತಣ್ಣ, ನೀವು ಈ ಗಾಡಿ ಹತ್ಬೇಡಿ ಇವತ್ತು, ಅಂದೆ, ಅವರು ಲೋಟ ಕೆಳಗಿಟ್ರು. ಎರಡು ಬೋಲ್ಟ್ ಬಿಚ್ಚಿ ಒಳಗಿನ ಪ್ಯಾಡು ಕಿತ್ತು ಕೈಗೆ ತಗೊಂಡೆ, ಒಳಗೆ ಹೋದೆ, ಬುದ್ಧನ ಪಟದ ಪಕ್ಕ ಪ್ಲಾಸ್ಟಿಕ್ ಕವರಲ್ಲಿ ಅಪ್ಪನ ಪುಸ್ತಕ, ಯಾಕೇ ಅದು ಅಂದ್ಲು ಅಮ್ಮ, ಕೆಲ್ಸ ಇದೆ ಅಂದೆ, ಏನ್ ಕೆಲ್ಸ ಅಂತ ಬಾಗಿಲಿಗೆ ಬಂದು ನಿಂತ್ಲು, ನಿಲ್ಲು, ನೀನೂ ನೋಡು. ಅಪ್ಪನ ಕೊನೇ ಸಾಲಿನ ಕೆಳಗೆ ಖಾಲಿ ಜಾಗ ಬೇಕಾದಷ್ಟಿದೆ, ಬರೆದೆ, ನನ್ನ ಅಕ್ಷರ ಅಪ್ಪನಷ್ಟು ಚೆನ್ನಾಗಿಲ್ಲ — ಒಳಗಿನ ಪ್ಯಾಡು ಪೂರ್ತಿ ಸವೆದಿದೆ, ಡ್ರೈವರ್ ಹನಮಂತ ಎರಡು ಸಲ ತಿಳಿಸಿದ್ದಾರೆ, ಮುಂದಿನ ತಿಂಗಳು ಎಂದರು.

ನಂದಕುಮಾರ ಬಂದ, ಬಿಳೀ ಪಂಚೆ ಬಿಳೀ ಶರ್ಟು, ಹಣೇಲಿ ವಿಭೂತಿ, ಏನ್ ಮೇಡಂ ಇನ್ನೂ ಚಕ್ರಾನೇ ಹಾಕಿಲ್ಲ, ಅಪ್ಪ ರೆಡಿಯಾಗಿ ಕೂತ್ಬಿಟ್ಟಿದಾರೆ, ಪ್ಯಾಡ್ ತೋರಿಸ್ದೆ, ಬರೀ ತಗಡು, ನೋಡಿ ತಲೆ ಕೆರ್ಕೊಂಡ, ಹೊರಗಡೆದು ಚೆನ್ನಾಗೇ ಇದ್ಯಲ್ಲ, ನಿಧಾನಕ್ಕೆ ಹೋಗ್ಬಂದು ಮುಂದಿನ ತಿಂಗಳು ಎಲ್ಲಾ ಹೊಸದು ಹಾಕಿಸ್ಬಿಡ್ತೀನಿ ಬಿಡಿ. ಆಯ್ತು ಸಾರ್, ಹೋಗಿ, ಅಂದೆ, ನನ್ನ ದನಿ ಎಷ್ಟು ತಣ್ಣಗಿತ್ತು ಅಂದ್ರೆ ನಂಗೇ ಆಶ್ಚರ್ಯ, ಹನಮಂತಣ್ಣ ಬರಲ್ಲ, ನೀವೇ ಓಡಿಸ್ಕೊಂಡು ಹೋಗಿ, ಅದಕ್ಕೂ ಮುಂಚೆ ಇಲ್ಲಿ ಹೆಬ್ಬೆಟ್ಟು ಒತ್ತಿ, ನಿಮಗೆ ಹೇಳಿದ್ವಿ ಅನ್ನೋಕೆ, ಒತ್ತಿದ್ರೆ ಚಕ್ರ ಹಾಕ್ತೀನಿ, ಇಲ್ಲಾಂದ್ರೆ ಗಾಡಿ ಇಲ್ಲೇ ಇರ್ಲಿ. ನಕ್ಕ, ಏನ್ರೀ ತಮಾಷೆ, ಜೇಬಿಂದ ಪೆನ್ ತೆಗ್ದ, ಕೊಡಿ ಇಲ್ಲಿ, ಹೆಬ್ಬೆಟ್ಟು ಯಾಕೆ, ನಂಗೆ ಸೈನ್ ಬರುತ್ತೆ — ಬಾಗಿಲ ಹತ್ರ ಅಮ್ಮ ಗೋಡೆ ಹಿಡ್ಕೊಂಡ್ಲು, ಕೇಳಿಸ್ತು ಅವಳಿಗೆ, ನಂಗೂ ಕೇಳಿಸ್ತು, ಇಪ್ಪತ್ತೇಳು ವರ್ಷ ಆ ಮಾತು ನಮ್ಮನೇಲಿ ಯಾರೂ ಆಡಿರ್ಲಿಲ್ಲ — ಗೊತ್ತು ಸಾರ್, ನಮ್ಮಪ್ಪಂಗೂ ಬರ್ತಿತ್ತು, ಅಂದೆ. ಪುಸ್ತಕ ನೋಡ್ದ. ನಾನು ಬರೆದಿದ್ದು ಓದ್ದ. ಅದರ ಮೇಲಿನ ಸಾಲು ಓದ್ದ, ಮುತ್ತಿನಂಥ ಅಕ್ಷರ, ತುಟಿ ಅಲ್ಲಾಡ್ತಿತ್ತು, ಯಜಮಾನರಿಗೆ ತಿಳಿಸಿದೆ, ಅಲ್ಲಿಗೆ ತುಟಿ ನಿಂತೋಯ್ತು, ಕತ್ತು ಮೇಲೆತ್ತಿದ, ಇಲ್ಲಿ ಫ್ಯಾನ್ ಇಲ್ಲ ಕಣೋ, ಆಕಾಶ ಇದೆ, ನೋಡ್ಕೋ ಎಷ್ಟು ಬೇಕಾದ್ರೂ, ಅಮ್ಮ ನೋಡ್ತಿದಾಳೆ, ಹನಮಂತಣ್ಣ ನೋಡ್ತಿದಾರೆ, ಎದುರುಮನೆ ಆಂಟಿ ಬಟ್ಟೆ ಹಿಡ್ಕೊಂಡೇ ನೋಡ್ತಿದಾಳೆ. ಅಕ್ಕ, ಅಂದ, ಮೇಡಂ ಹೋಗಿ ಅಕ್ಕ ಆಯ್ತು, ಆವತ್ತು ನಾನು ಚಿಕ್ಕೋನು, ನಂಗೇನ್ ಮಾಡೋಕಾಗ್ತಿತ್ತು. ಈಗ ದೊಡ್ಡೋನಾಗಿದೀಯಲ್ಲ, ಎರಡು ಸಾಲಿಗೂ ಸೇರಿಸಿ ಒಂದೇ ಒತ್ತು, ಅಂದೆ, ಏಕವಚನ ತಾನಾಗೇ ಬಂತು, ಪ್ಯಾಡಿನ ಕರೀ ಮೈ ಅವನ ಮುಂದೆ ಹಿಡಿದೆ. ಪೆನ್ನು ಜೇಬಿಗೆ ಹಾಕ್ಕೊಂಡ. ಹೆಬ್ಬೆರಳು ಪ್ಯಾಡಿನ ಮೇಲಿಟ್ಟ, ತಿಕ್ಕಿದ, ಪುಸ್ತಕದ ಮೇಲೆ ಒತ್ತಿದ, ಎತ್ತಿದ, ಅಪ್ಪನ ಅಕ್ಷರದ ಕೆಳಗೆ ಕಪ್ಪಗೆ ಮೂಡ್ತು. ಒರೆಸ್ಕೊಳ್ಳೋಕೆ ಏನಾದ್ರೂ ಕೊಡಿ ಅಂತಿದಾನೆ, ನನ್ನ ಕೈಲೇ ಇದೆ ಒದ್ದೆ ಬಟ್ಟೆ, ಕೊಡಲ್ಲ, ಬೆಟ್ಟಕ್ಕೆ ಹೋಗಲ್ಲ ಅಕ್ಕ ಅಂತಿದಾನೆ, ಇನ್ನೂ ಏನೋ ಅಂತಿದಾನೆ, ನಂಗೆ ಕೇಳಿಸ್ತಿಲ್ಲ, ಅವನು ನಿಂತಿದಾನೆ, ಕೈ ಪಂಚೆಗೆ ತಾಗ್ಬಾರ್ದು ಅಂತ ಹೆಬ್ಬೆರಳೊಂದನ್ನ ಮೈಯಿಂದ ದೂರ ಹಿಡ್ಕೊಂಡು ನಿಂತಿದಾನೆ, ತಟ್ಟೆಗೆ ತಾಗದ ಹಾಗೆ, ಮುದ್ದೆಗೆ ತಾಗದ ಹಾಗೆ, ಎಲ್ಲಿಡ್ಬೇಕು ಅಂತ ಗೊತ್ತಾಗ್ದೆ, ಆ ಹೆಬ್ಬೆರಳು, ದೂರ ಹಿಡಿದ ಆ ಹೆಬ್ಬೆರಳು