ಮೂರು ಕಡೆ ಕತ್ತರಿಸಿದ ಮೇಲ್ಮನವಿ

ಅಕ್ಕನ ಮೇಲ್ಮನವಿಯನ್ನು ನ್ಯಾಯಾಧೀಶರು ವಜಾ ಮಾಡಿದರೆಂದು ಕಾಗದದಲ್ಲಿದೆ. ನಿಜಕ್ಕೂ ಮಾಡಿದ್ದು ನಾನು, ನನ್ನ ಕೈಯಾರೆ.

ಕೋರ್ಟಿನ ಎದುರು ಇಪ್ಪತ್ತಾರು ವರ್ಷಗಳಿಂದ ನನ್ನ ಬೈಂಡಿಂಗ್ ಅಂಗಡಿಯಿದೆ. ಕೋರ್ಟಿನ ರಿಜಿಸ್ಟರುಗಳೆಲ್ಲ ನನ್ನಲ್ಲೇ ಬೈಂಡ್ ಆಗುತ್ತವೆ. ಮೂರು ಕಡೆ ಅಂಚು ಕತ್ತರಿಸದ ಪುಸ್ತಕವನ್ನು ನಾನು ಯಾರಿಗೂ ಕೊಟ್ಟವನಲ್ಲ. ಅದೊಂದು ಜಂಬ ನನಗೆ.

ಭಾವ ತೀರಿಕೊಂಡ ಮೇಲೆ ಅಕ್ಕನ ಎರಡು ಕೋಣೆ ತನ್ನದೆಂದು ಅವಳ ಮೈದುನ ದಾವೆ ಹಾಕಿದ. ಮೂವತ್ತು ವರ್ಷ ಆ ಕಿಟಕಿಯ ಪಕ್ಕ ಹೊಲಿಗೆ ಯಂತ್ರ ತುಳಿದು ಬದುಕಿದವಳು ಅವಳು. ಕೆಳಗಿನ ಕೋರ್ಟು ಮೈದುನನ ಕಡೆ ವಾಲಿತು. ಸಾಕ್ಷಿಗಳ ಮಾತನ್ನು ಅವರು ಸರಿಯಾಗಿ ಓದಿಯೇ ಇಲ್ಲ, ಮೇಲೆ ಹೋದರೆ ಗೆಲ್ಲುತ್ತೇವೆ ಎಂದರು ವಕೀಲರು. ಕಾಗದಗಳಿಗೆ ಒಂದು ದಾರ ಹಾಕಿ ತಂದುಬಿಡಿ, ಸಾಕು ಎಂದೂ ಹೇಳಿದ್ದರು.

ದಾರ ಹಾಕಿ ಕೊಡಲು ನಾನೇ ಬೇಕೇ? ಸ್ವಂತ ಅಕ್ಕನ ಕೆಲಸ ಬೇರೆ. ಕೆಂಪು ಬಟ್ಟೆಯ ರಟ್ಟು ಹಾಕಿದೆ, ಮೂರು ಕಡೆ ಕತ್ತರಿಸಿದೆ. ತೀರ್ಪಿನ ದೃಢೀಕೃತ ನಕಲಿನ ಕೊನೆಯ ಪುಟದಲ್ಲಿ, ತೀರಾ ಕೆಳಗೆ, ನಕಲು ಕೊಟ್ಟ ದಿನಾಂಕದ ಮುದ್ರೆ ಇತ್ತು. ಅಂಚಿನ ಜೊತೆ ಅದೂ ಹೋಯಿತು. ವಕೀಲರೂ ನೋಡಲಿಲ್ಲ. ಅಕ್ಕ ರಟ್ಟಿನ ಮೇಲೆ ಕೈಯಾಡಿಸಿದಳು.

“ಎಷ್ಟು ಚೆನ್ನಾಗಿ ಮಾಡಿದ್ದೀಯೋ. ಇದನ್ನ ನೋಡಿಯಾದ್ರೂ ನನ್ನ ಮಾತು ಕೇಳ್ತಾರೆ.”

ವಾರದಲ್ಲಿ ಕೋರ್ಟಿನ ಕಚೇರಿಯಿಂದ ಆಕ್ಷೇಪಣೆ ಬಂತು: ನಕಲು ಕೊಟ್ಟ ದಿನಾಂಕ ಕಾಣುವುದಿಲ್ಲ, ಮೇಲ್ಮನವಿ ಅವಧಿಯೊಳಗೆ ಬಂದಿದೆಯೇ ಎಂದು ಲೆಕ್ಕ ಹಾಕಲಾಗದು, ಹದಿನಾಲ್ಕು ದಿನದಲ್ಲಿ ಹೊಸ ನಕಲು ಸಲ್ಲಿಸಿ. ಕತ್ತರಿಸಿದ ಅಂಚಿನ ಚೂರುಗಳನ್ನು ತುಂಬಿಡುವ ಮೂಟೆಯ ಕಡೆ ಓಡಿದೆ. ರದ್ದಿಯವನು ಹಿಂದಿನ ದಿನವಷ್ಟೇ ಒಯ್ದಿದ್ದ. ಮುದ್ರೆ ಇತ್ತು, ನಾನೇ ಕತ್ತರಿಸಿಬಿಟ್ಟೆ ಎಂದು ಕೋರ್ಟಿನ ಗುಮಾಸ್ತರಿಗೆ ಹೇಳಿಕೊಂಡೆ, ಕಾಲು ಹಿಡಿಯುವುದೊಂದು ಬಾಕಿ. ಅವರ ಮೇಜಿನ ಮೇಲಿದ್ದ ರಿಜಿಸ್ಟರೂ ನಾನು ಬೈಂಡ್ ಮಾಡಿದ್ದೇ.

“ನೀವು ಸುಳ್ಳು ಹೇಳಲ್ಲ ಅಂತ ನನಗೆ ಗೊತ್ತು,” ಎಂದರು. “ಆದರೆ ನನಗೆ ಗೊತ್ತಿರೋದನ್ನ ಕಡತಕ್ಕೆ ಹಾಕೋಕಾಗಲ್ಲ.”

ನಕಲು ವಿಭಾಗದಲ್ಲಿ ಮುದ್ರೆ ಒತ್ತುವವರು ರಜೆಯಲ್ಲಿದ್ದರು. ಹೊಸ ನಕಲು ಕೈಗೆ ಬಂದಿದ್ದು ಹದಿನಾರನೆಯ ದಿನ. ಇನ್ನಷ್ಟು ಸಮಯ ಬೇಕೆಂದು ವಕೀಲರು ಬಾಯಲ್ಲಿ ಕೇಳಿದ್ದರು, ಬರೆದು ಕೇಳಬೇಕಿತ್ತಂತೆ. ಅಷ್ಟರಲ್ಲಿ ವಜಾದ ಆದೇಶ ಆಗಿಹೋಗಿತ್ತು. ಮೂರೇ ಸಾಲು. ಅದರಲ್ಲಿ ಕೋಣೆಯ ಮಾತಿಲ್ಲ, ಮೂವತ್ತು ವರ್ಷದ ಮಾತಿಲ್ಲ. ಅಕ್ಕ ಸೋತಳೆಂದು ಯಾರೂ ಹೇಳಲಿಲ್ಲ, ಅವಳ ಮಾತನ್ನು ಯಾರೂ ಕೇಳಲೇ ಇಲ್ಲ, ಅಷ್ಟೆ. ನನಗೆ ಮೈಯೆಲ್ಲ ಉರಿಯಿತು. ಯಾರ ಮೇಲೆ ಉರಿಯಬೇಕೆಂದೇ ತಿಳಿಯಲಿಲ್ಲ.

ಪ್ರಕರಣ ಮತ್ತೆ ತೆರೆಸಲು ಇನ್ನೊಂದು ಅರ್ಜಿ, ತಡವಾದದ್ದಕ್ಕೆ ಪ್ರಮಾಣಪತ್ರ ಎಂದು ವಕೀಲರು ಬೆರಳು ಮಡಿಸುತ್ತಿದ್ದಾಗಲೇ ಮೈದುನ ಕೋರ್ಟಿನ ಅಮೀನನನ್ನು ಕರೆತಂದು ಕೋಣೆಗಳಿಗೆ ಬೀಗ ಜಡಿದ. ಹೊಲಿಗೆ ಯಂತ್ರ ಈಗ ನನ್ನ ಅಂಗಡಿಯ ಹಿಂಭಾಗದಲ್ಲಿದೆ, ಅಕ್ಕನೂ ಅಲ್ಲೇ. ಒಂದು ದಿನವೂ ನನ್ನನ್ನು ಬೈದಿಲ್ಲ. ಬೈದಿದ್ದರೆ ಬದುಕಿಕೊಳ್ಳುತ್ತಿದ್ದೆ.

ಮೊನ್ನೆ ಕೋರ್ಟಿನಿಂದ ಆ ವರ್ಷದ ಆದೇಶಗಳ ಕಟ್ಟು ಬೈಂಡಿಂಗಿಗೆ ಬಂತು. ಆ ಮೂರು ಸಾಲಿನ ಆದೇಶವೂ ಅದರಲ್ಲಿತ್ತು. ಈ ಸಲ ನಾನು ಅಂಚು ಮುಟ್ಟಲಿಲ್ಲ, ಹಾಗೇ ಬೈಂಡ್ ಮಾಡಿ ಕಳಿಸಿದೆ. ಮರುದಿನವೇ ಚೀಟಿ ಅಂಟಿಸಿಕೊಂಡು ವಾಪಸು ಬಂತು: ಮೂರು ಕಡೆ ಅಂಚು ಕತ್ತರಿಸಿಲ್ಲ, ನಿಯಮದಂತೆ ಇಲ್ಲ.

ಕತ್ತರಿಸುವ ಯಂತ್ರಕ್ಕಿಟ್ಟು ಅಲಗು ಇಳಿಸಿದೆ. ಅಕ್ಕ ಬಂದು ಕೆಳಗೆ ಕೂತಳು, ಚೂರುಗಳನ್ನು ಮಡಿಲಿಗೆ ಹಾಕಿಕೊಂಡಳು. ಬಂದಾಗಿನಿಂದ ಇದೇ ಅವಳ ಕೆಲಸ. ಯಾರ ಪುಸ್ತಕವಾದರೂ ಸರಿ, ಒಂದೊಂದೇ ಚೂರನ್ನು ಬೆಳಕಿಗೆ ಹಿಡಿದು ಎರಡೂ ಬದಿ ನೋಡುತ್ತಾಳೆ.

“ಎಲ್ಲ ಬರೀ ಬಿಳಿ ಕಣೋ,” ಎಂದಳು. “ಮೂಟೆಗೆ ಹಾಕಲಾ?”